ಕವಿಲೆ ಒಡೆದ ಜಾಗ

ಈ ಕಥೆಯನ್ನು ಮೊದಲು ಹೇಳಿದವಳು ದಾರಿಗಿತ್ತಿ ಗುರುಸಿದ್ಧವ್ವ. ಹೇಳಿದ್ದು ನೀರು ನಿಂತ ಇನ್ನೂರ ಅರವತ್ತೆಂಟನೆಯ ವರ್ಷ, ಕವಿಲೆ ಎಂಬ ದೋಣಿ ಒಡೆದ ಹದಿಮೂರನೆಯ ದಿನ, ತೊರೆವಡಗಿಯ ಕಡವಿನ ಮೆಟ್ಟಿಲ ಮೇಲೆ ಕುಳಿತು. ಕೇಳಿದವರಲ್ಲಿ ನಾನೂ ಒಬ್ಬಳು. ಆಗ ನನಗೆ ಹನ್ನೆರಡು, ಈಗ ಐವತ್ತೈದು. ಇವತ್ತು ನೀರು ನಿಂತ ಮುನ್ನೂರ ಹನ್ನೊಂದನೆಯ ವರ್ಷ, ಮಖೆ ಮಳೆ ಹುಟ್ಟಿ ಒಂಬತ್ತನೆಯ ದಿನ. ಹನಿ ಬಿದ್ದಿಲ್ಲ.

ನೀರು ಬರುವ ಮುಂಚಿನ ನಮ್ಮ ಹಿರಿಯರೇ, ಇದು ನಿಮ್ಮ ಎಣಿಕೆಯಲ್ಲಿ ಯಾವ ಇಸವಿ ಎಂದು ನನಗೆ ಹೇಳಲು ಬಾರದು. ನೀವು ಇದನ್ನು ಓದುವ ಹೊತ್ತಿಗೆ ನಿಮ್ಮ ಹೊಲದಲ್ಲಿ ಜೋಳ ಹಾಲುಗಾಳು ಕಟ್ಟುತ್ತಿರಬಹುದು, ಇಷ್ಟು ದಿನದೊಳಗೆ ಊರು ಬಿಡಿ ಎಂದು ಯಾರೋ ನಿಮ್ಮ ಗೋಡೆಯ ಮೇಲೆ ಕೆಂಪು ಬಣ್ಣದಲ್ಲಿ ನಂಬರು ಬರೆದು ಹೋಗಿರಬಹುದು. ನನ್ನ ಮಾತಿನಲ್ಲಿ ನಿಮಗೆ ವಿಚಿತ್ರವೆನಿಸುವ ಪದಗಳು ಬರುತ್ತವೆ. ಸಿಟ್ಟಾಗಬೇಡಿ. ಮುನ್ನೂರು ವರ್ಷ ನೀರಿನ ಮೇಲೆ ಬದುಕಿದರೆ ನಾಲಿಗೆಯೂ ಒಂದಿಷ್ಟು ನೆನೆಯುತ್ತದೆ. ಬಾರದ ಕಡೆ ನಿಲ್ಲಿಸಿ ತಿಳಿಸಿ ಹೇಳುತ್ತೇನೆ. ನಾನು ಫಕ್ಕೀರವ್ವ, ಕಥೆ ಹೇಳುವವಳು. ತಿಳಿಸಿ ಹೇಳುವುದೇ ನನ್ನ ಕಸುಬು.

ಕಾಗದ ನಿಮಗೆ ಹೇಗೆ ಮುಟ್ಟುತ್ತದೆ ಎಂದು ಕೇಳುತ್ತೀರಿ. ನಮ್ಮಲ್ಲಿ ಒಂದು ನಂಬಿಕೆ ಇದೆ. ಮೇಲಿರುವವರು ಈಗಿನವರು, ಕೆಳಗಿರುವವರು ಹಿಂದಿನವರು. ನೀರಿನಡಿ ನಿಮ್ಮ ಓಣಿಗಳಿವೆ, ಓಣಿಗಳಲ್ಲಿ ನೀವಿದ್ದೀರಿ. ಆದ್ದರಿಂದ ಹಿರಿಯರಿಗೆ ಹೇಳುವುದಿದ್ದರೆ ನಾವು ಬರೆದು, ಒಣಗಿದ ಸೋರೆಬುರುಡೆಯೊಳಗಿಟ್ಟು, ಮೇಣ ಮುಚ್ಚಿ, ಕಲ್ಲು ಕಟ್ಟಿ ಇಳಿಬಿಡುತ್ತೇವೆ. ಇದಕ್ಕೆ ತಳದೋಲೆ ಎನ್ನುತ್ತೇವೆ. ಸಾಮಾನ್ಯವಾಗಿ ಅದರಲ್ಲಿ ಮದುವೆಯ ಸುದ್ದಿ, ಹೆರಿಗೆಯ ಸುದ್ದಿ ಇರುತ್ತವೆ. ಇದುವರೆಗೆ ಯಾರಿಗೂ ಉತ್ತರ ಬಂದಿಲ್ಲ. ಈ ಸಲ ನನಗೆ ಉತ್ತರ ಬೇಕಾಗಿದೆ. ನನ್ನ ಮಗಳು ನೀಲಗಂಗಾ ನೀರಿನ ಮೇಲಿದ್ದಾಳೆ.

ಹೆನ್ನೀರು ಎಂದರೆ ನಿಮ್ಮ ಹೊಳೆಗೆ ಕಟ್ಟಿದ ಅಣೆಕಟ್ಟಿನ ಹಿಂದೆ ನಿಂತ ನೀರು. ನಿಂತು ನಿಂತು ಬೆಳೆದು, ಈ ದಡದಲ್ಲಿ ನಿಂತವರಿಗೆ ಆ ದಡ ಕಾಣದಷ್ಟಾಗಿದೆ. ಹುಟ್ಟಿದ ಕೂಸಿನ ಕಾಲಿಗೆ ನಾವು ಗಂಟೆ ಕಟ್ಟುತ್ತೇವೆ, ಉರುಳಿ ನೀರಿಗೆ ಹೋದರೆ ಸದ್ದಾಗಲಿ ಎಂದು. ಆಪು ಎಂಬ ಜೊಂಡುಹುಲ್ಲಿನ ಚಾಪೆ ಹೆಣೆದು, ಕೆಸರು ಹರಡಿ, ನೀರಿನ ಮೇಲೆಯೇ ಮೆಂತ್ಯ, ರಾಜಗಿರಿ ಬೆಳೆಯುತ್ತೇವೆ. ಅದು ತೇಲುಮಡಿ. ಗಾಳಿ ಜೋರಾದರೆ ಒಬ್ಬರ ಮಡಿ ಇನ್ನೊಬ್ಬರ ಮನೆ ಮುಂದೆ ಹೋಗಿ ನಿಲ್ಲುತ್ತದೆ. ನೀವು ಬದುವಿಗಾಗಿ ಜಗಳವಾಡಿದಂತೆ ನಾವು ಅದಕ್ಕಾಗಿ ಜಗಳವಾಡುತ್ತೇವೆ. ಜೋಳ ಮಾತ್ರ ದಿನ್ನೆಯಿಂದಲೇ ಬರಬೇಕು. ರೊಟ್ಟಿ ಇಲ್ಲದೆ ಊಟ ಇಳಿಯುವ ಕಾಲ ಇನ್ನೂ ಬಂದಿಲ್ಲ. ದೊಡ್ಡ ದೋಣಿಗಳು ಬಿಸಿಲುದೋಣಿಗಳು. ಚಾವಣಿ ಬಿಸಿಲು ಕುಡಿಯುತ್ತದೆ, ಚಕ್ರ ತಿರುಗುತ್ತದೆ, ಮೋಡ ಕವಿದರೆ ದೋಣಿ ಮುನಿಸಿಕೊಂಡ ಅತ್ತೆಯ ಹಾಗೆ ಇದ್ದಲ್ಲೇ ಕೂರುತ್ತದೆ. ಎಲ್ಲಾ ದೋಣಿಗಳಿಗೂ ದನಗಳ ಹೆಸರು. ದೋಣಿಯನ್ನು ಹೆಸರು ಹಿಡಿದು ಕರೆಯದೆ ಹತ್ತುವುದಿಲ್ಲ, ಮೂತಿ ನೇವರಿಸದೆ ಬಿಚ್ಚುವುದಿಲ್ಲ.

ನಮ್ಮ ಹೆನ್ನೀರಿನಲ್ಲಿ ಮುಳುಗಿದ ದೋಣಿಗಳು ಅರವತ್ಮೂರು, ನಮಗೆ ಗೊತ್ತಿರುವಷ್ಟು. ಮೊದಲ ಮೂವತ್ತು ವರ್ಷ ಬರೀ ಹರಿಗೋಲುಗಳಿದ್ದವಂತೆ. ಹರಿಗೋಲು ಮುಳುಗಿದರೆ ಅದನ್ನು ಮುಳುಗಿತು ಎನ್ನುವುದಿಲ್ಲ, ಮಗುಚಿತು ಎನ್ನುತ್ತಾರೆ. ಆಮೇಲೆ ಹಾಯಿಯ ದೊಡ್ಡ ಹಲಗೆದೋಣಿಗಳು ಬಂದವು. ಅವುಗಳಲ್ಲಿ ಜೋಡೆತ್ತು ಎಂಬುದು ಇನ್ನೂರು ಚೀಲ ಜೋಳದ ಸಮೇತ ಹೋಯಿತು. ಆ ವರ್ಷ ಅದರ ಮೇಲಿನ ನೀರು ಹಸಿರಾಗಿತ್ತು, ಕೆಳಗೆ ಜೋಳ ಮೊಳೆತಿದೆ ಎಂದು ನಮ್ಮ ಮುತ್ತಜ್ಜಿ ಹೇಳುತ್ತಿದ್ದಳು. ನಂಬುವುದು ಬಿಡುವುದು ನಿಮಗೆ ಬಿಟ್ಟದ್ದು. ಸಮುದ್ರದಲ್ಲಿ ಮರ ತಿನ್ನುವ ಹುಳು ಇದೆಯಂತೆ, ನಮ್ಮ ಸಿಹಿನೀರಿನಲ್ಲಿ ಇಲ್ಲ. ನೂರು ವರ್ಷದ ಹಿಂದೆ ಮುಳುಗಿದ ದೋಣಿಯ ಹಲಗೆಯ ಮೇಲೆ ಬಡಿಗನ ಉಳಿಯ ಗುರುತು ಇನ್ನೂ ಕೈಗೆ ಸಿಗುತ್ತದೆ. ಆದರೆ ಒಂದು ವಿಷಯ ಕೇಳಿ. ಈ ಅರವತ್ಮೂರರಲ್ಲಿ ಬಿರುಗಾಳಿಗೆ ಹೋದವು ಹತ್ತೋ ಹನ್ನೆರಡೋ ಅಷ್ಟೇ. ಉಳಿದವೆಲ್ಲ ಹೋದದ್ದು ಶಾಂತ ನೀರಿನಲ್ಲಿ, ಹಾಡುಹಗಲಲ್ಲಿ, ನೀರು ಇಳಿದ ವರ್ಷಗಳಲ್ಲಿ. ನಿಮ್ಮ ಗೋಡೆಗಳಿಗೆ ತಾಗಿ, ನಿಮ್ಮ ಬಾವಿಯ ಕಲ್ಲುಕಂಬಗಳಿಗೆ ತಾಗಿ.

ಅದಕ್ಕಾಗಿಯೇ ದಾರಿಗಿತ್ತಿ ಬೇಕು. ದಾರಿಗಿತ್ತಿ ಎಂದರೆ ದೋಣಿಯ ಮೂತಿಯಲ್ಲಿ ನಿಂತು ತಳಪಾಠ ಹಾಡುವ ಹೆಂಗಸು. ತಳಪಾಠ ಎಂದರೆ ಕೆಳಗಿರುವ ನಿಮ್ಮ ಊರುಗಳ ಹಾಡು. ಊರು ಬಿಟ್ಟ ಮೊದಲ ಹೆಂಗಸರು ಬೀಸುವಾಗ, ಕುಟ್ಟುವಾಗ, ತಮ್ಮ ಓಣಿಗಳನ್ನು ನೆನೆದು ಕಟ್ಟಿದ್ದಂತೆ. ಎಡಕ್ಕೆ ಕುಂಬಾರ ಓಣಿ ಹತ್ತು ಹುಟ್ಟು, ಬಲಕ್ಕೆ ಎರಡು ರಾಟೆಯ ಬಾವಿ, ಮೂಗಿನ ನೇರಕ್ಕೆ ಗೌಡರ ಹುಣಸೆಮರ, ಕೊಂಬೆ ತಪ್ಪಿಸು ತಂಗಿ. ಹೀಗೆ. ಒಂದು ಹುಟ್ಟು ಎಂದರೆ ಒಮ್ಮೆ ಹುಟ್ಟುಗೋಲು ಹಾಕಿದರೆ ದೋಣಿ ಎಷ್ಟು ಸಾಗುತ್ತದೋ ಅಷ್ಟು. ಈಗ ಯಾರೂ ಹುಟ್ಟು ಹಾಕುವುದಿಲ್ಲ, ಆದರೂ ದಾರಿಗಿತ್ತಿ ಬೆರಳಿನಿಂದ ಹಲಗೆ ತಟ್ಟಿ ಎಣಿಸುತ್ತಾಳೆ. ಗುರುಸಿದ್ಧವ್ವ ಹಾಗೆ ಎಣಿಸುವವಳು. ನನ್ನ ನೀಲಗಂಗಾ ಕೂಡ.

ಈ ಹಾಡಿನಲ್ಲಿ ಏಳು ಕಡೆ ಮೌನವಿದೆ. ಅದನ್ನು ನಿಮಗೆ ಸರಿಯಾಗಿ ಹೇಳಬೇಕು. ಊರು ಬಿಡುವಾಗ ದೇವರನ್ನು ಎತ್ತಿಕೊಂಡು ದಿನ್ನೆಗೆ ಬಂದು ಹೊಸ ಊರು ಕಟ್ಟಿದವರು, ಊರಿನ ಹೆಸರನ್ನೂ ದೇವರ ಜೊತೆಗೆ ತಂದರು. ಹೆಸರು ಇನ್ನು ದಿನ್ನೆಯದು. ನೀರಿನ ಮೇಲೆ ಆ ಹೆಸರು ಹೇಳಿದರೆ ದೇವರು ತನ್ನನ್ನು ಕರೆದರೆಂದು ತಿರುಗಿ ನೀರಿಗೆ ಇಳಿದುಬಿಡುತ್ತಾನೆ, ಆದ್ದರಿಂದ ಹೇಳಬಾರದು. ಹಾಗಾಗಿ ಹಾಡು ಆ ಜಾಗಕ್ಕೆ ಬಂದಾಗ ನಿಲ್ಲುತ್ತದೆ. ಊರಿನ ಉದ್ದಕ್ಕೂ ದೋಣಿಯಲ್ಲಿದ್ದವರೆಲ್ಲ ತಲೆ ತಗ್ಗಿಸಿ, ಕಣ್ಣು ಮುಚ್ಚಿ, ಸುಮ್ಮನಿರಬೇಕು. ದಾರಿಗಿತ್ತಿ ಕೂಡ. ಬೆರಳು ಮಾತ್ರ ಎಣಿಸುತ್ತಿರುತ್ತದೆ. ಏಳು ಮೌನಗಳಲ್ಲಿ ಮೊದಲನೆಯದು ನಮ್ಮ ಹಳೆಯ ತೊರೆವಡಗಿಯದು. ಈಗ ದಡದ ಮೇಲೆ ಕುಳಿತು ಬರೆಯುತ್ತಿರುವುದರಿಂದ ಹೆಸರು ಬರೆದೆ.

ನಮ್ಮ ಕಡವಿಗೆ ಅರವತ್ತು ಮೆಟ್ಟಿಲು ಎಂದು ಹುಟ್ಟಿದಾಗಿನಿಂದ ಕೇಳಿದ್ದೆ. ಅದರ ಕೆಳಗೂ ಇವೆ ಎಂದು ಗೊತ್ತಾದದ್ದು ಕವಿಲೆ ಒಡೆದ ವರ್ಷ. ಆಗ ಅರವತ್ತೆಂಟನೆಯದು ಕಂಡಿತ್ತು. ಈ ವಾರ ಎಪ್ಪತ್ತನೆಯದು ಕಂಡಿದೆ. ಯಾರ ಕಾಲೂ ಸವೆಸದ ಮೆಟ್ಟಿಲು, ಉಳಿ ಪೆಟ್ಟು ಹಸಿಯಾಗಿದೆ. ಆಚೆ ನಡುಗಡ್ಡೆಯಲ್ಲಿ ನಲವತ್ತಾರು ಜನರಿದ್ದಾರೆ. ನೀರು ಇಳಿದು ಅವರ ಸುತ್ತಲಿನದು ಪಾಚಿಗಟ್ಟಿ ವಾಸನೆ ಬಂದಿದೆ, ಕುಡಿದ ಎಂಟು ಜನ ಹಾಸಿಗೆ ಹಿಡಿದಿದ್ದಾರೆ. ಇನ್ನು ಮೂರು ದಿನ ಕಳೆದರೆ ಸುತ್ತ ಬರೀ ಕೆಸರು. ದೋಣಿ ಹತ್ತಿರ ಹೋಗದು, ನಡೆದು ಬರಲೂ ಆಗದು. ಅವರನ್ನು ತರಲು ನೀಲಗಂಗಾ ಇಂದು ಬೆಳಿಗ್ಗೆ ಬರಿದೋಣಿ ತೆಗೆದುಕೊಂಡು ಹೋದಳು. ಬೇರೆ ದಾರಿ ಇಲ್ಲ. ಎರಡೂ ಬದಿ ಹೂಳು. ಹಳೆಯ ಹೊಳೆಯ ಪಾತ್ರ ಒಂದೇ ಆಳ, ಅದು ಹಳೆಯ ತೊರೆವಡಗಿಯ ಮಗ್ಗುಲಲ್ಲೇ ಹರಿದಿದೆ. ನಾಳೆ ಬೆಳಿಗ್ಗೆ ತುಂಬಿದ ದೋಣಿಯೊಂದಿಗೆ ಅಲ್ಲಿಂದಲೇ ಮರಳಬೇಕು.

ಮಧ್ಯಾಹ್ನ ಇಳಿದ ಮೇಲೆ ನಾವು ಹನ್ನೊಂದು ಜನ ಕಡವಿನ ಮೆಟ್ಟಿಲ ಮೇಲೆ ಕುಳಿತಿದ್ದೆವು. ಮಾಡಲು ಕೆಲಸವಿಲ್ಲ, ಮನೆಗೆ ಹೋಗಲು ಮನಸ್ಸಿಲ್ಲ. ನಮ್ಮ ದೇವರ ಪೂಜಾರಿ ಸಂಗಯ್ಯ ತಂಬಿಗೆ ತಿಕ್ಕಲು ಬಂದವನು ತಿಕ್ಕಿದ್ದನ್ನೇ ತಿಕ್ಕುತ್ತಾ ಕುಳಿತಿದ್ದ. ಅವನಿಗೂ ಎಪ್ಪತ್ತು, ಮೆಟ್ಟಿಲಿಗೂ ಎಪ್ಪತ್ತು.

"ಏ ಫಕ್ಕೀರವ್ವಾ, ಸುಮ್ನ ಕುಂತ್ರ ಹೊತ್ತು ಹೋಗೂದಿಲ್ಲ. ಒಂದು ಕಥಿ ಹೇಳು," ಎಂದ. "ರಾಜಾ-ರಾಣೀದು ಬ್ಯಾಡ. ಅವರು ಸತ್ತು ಬಾಳ ದಿನ ಆತು."

"ಕವಿಲೆ ಕಥಿ ಹೇಳತೀನಿ," ಎಂದೆ.

"ಬಾಯಾಗ ಮಣ್ಣು ಹಾಕ ನಿನ್ನ! ಮಗಳು ನೀರಿನ ಮ್ಯಾಲ ಇರೂವಾಗ ಹೇಳೂ ಕಥಿ ಏನದು?"

ಬಲೆ ಹೊಲಿಯುವ ಜೈತುನಬಿ ಸೂಜಿ ನಿಲ್ಲಿಸಿ ತಲೆ ಎತ್ತಿದಳು. "ಹೇಳ್ರಿ ಅಕ್ಕಾರ. ನಮ್ಮಜ್ಜಿ ನಕ್ಕಳು, ದೋಣಿ ಒಡೀತು, ಅಂತ ಊರೆಲ್ಲಾ ಹೇಳತೈತಿ. ಆಕಿ ಯಾಕ ನಕ್ಕಳು ಅಂತ ಒಬ್ಬರೂ ಹೇಳಂಗಿಲ್ಲ. ಇವತ್ತಿಗೂ ನಮ್ಮ ಮನ್ಯಾಗಿನವರನ್ನ ದೋಣಿ ಹಿಂದ ಕುಂಡ್ರಸತಾರ."

ಅದು ನಿಜವಾಗಿತ್ತು. ಹಾಗಾಗಿ ನಾನು ಗುರುಸಿದ್ಧವ್ವ ಹೇಳಿದ್ದನ್ನು ಅವಳು ಹೇಳಿದಂತೆಯೇ ಹೇಳಿದೆ.

ಕವಿಲೆ ಬೆಳಿಗ್ಗೆ ಬರಿದಾಗಿ ಆಚೆ ದಡಕ್ಕೆ ಹೋಯಿತು, ಮೌನದ ಜಾಗವನ್ನು ಏನೂ ಆಗದೆ ದಾಟಿತು. ಮಧ್ಯಾಹ್ನ ಮದುವೆ ದಿಬ್ಬಣ ತುಂಬಿಕೊಂಡು ಹೊರಟಿತು. ನಲವತ್ತೊಂದು ಜನ, ಜೊತೆಗೆ ಪಾತ್ರೆ ಪರಡಿ, ಎರಡು ಆಡು. ಮೌನದ ಜಾಗ ಬಂತು. ಗುರುಸಿದ್ಧವ್ವ ಹಾಡು ನಿಲ್ಲಿಸಿ ತಲೆ ತಗ್ಗಿಸಿದಳು. ಆಗ ಮೌನ ಇಪ್ಪತ್ತು ಹುಟ್ಟಿನದು. ಎಂಟೋ ಒಂಬತ್ತೋ ಎಣಿಸಿರಬೇಕು, ಆ ಗಂಭೀರ ನಿಶ್ಶಬ್ದದಲ್ಲಿ ಮದುಮಗನ ಸೋದರಮಾವ ದೊಡ್ಡದಾಗಿ ಗೊರಕೆ ಹೊಡೆದ. ತಲೆ ತಗ್ಗಿಸಿದವನು ಹಾಗೆಯೇ ನಿದ್ದೆಹೋಗಿದ್ದ. ಜೈತುನಬಿಯ ಅಜ್ಜಿ, ಬಳೆಗಾರ್ತಿ ಹುಸೇನಬಿ ಸೆರಗು ಬಾಯಿಗೆ ತುರುಕಿಕೊಂಡಳು, ತಡೆಯಲಾಗಲಿಲ್ಲ, ನಕ್ಕುಬಿಟ್ಟಳು. ಅದೇ ಗಳಿಗೆಗೆ ದೋಣಿ ಅಡಿಯಿಂದ ಗುದ್ದಿಸಿಕೊಂಡು ನಿಂತಿತು.

"ಗೊರಕಿ ಹೊಡದಾಂವಗ ಏನೂ ಅನ್ನಲಿಲ್ಲಲ್ರಿ!" ಎಂದಳು ಜೈತುನಬಿ.

"ಗೊರಕಿ ಮಾತಲ್ಲ ಅಂತ ತೀರ್ಮಾನ ಆತು," ಎಂದೆ. "ನಗು ಮಾತಂತ."

ತಳದ ಹಲಗೆ ಸೀಳಿ ನೀರು ಚಿಮ್ಮಿತು. ಗುರುಸಿದ್ಧವ್ವ ಬೇರೇನೂ ತೋಚದೆ ಆ ತೂತಿನ ಮೇಲೆ ತಾನೇ ಕುಳಿತುಬಿಟ್ಟಳು, ಕೊಡದ ಬಾಯಿಗೆ ಬುತ್ತಿಗಂಟು ಒತ್ತಿದಂತೆ. ಅವಳ ಮಾತನ್ನೇ ಹೇಳುತ್ತೇನೆ, ಅದರಲ್ಲಿ ಒಂದಕ್ಷರವನ್ನೂ ನಾನು ನಲವತ್ಮೂರು ವರ್ಷ ಬದಲಿಸಿಲ್ಲ. "ಕೆಳಗಿಂದ ಕಲ್ಲು ಚುಚ್ಚತಿತ್ರೆವ್ವಾ. ಬಂಡಿಗಲ್ಲಲ್ಲ. ನಯ ಮಾಡಿದ ಕಲ್ಲು. ಮ್ಯಾಲ ಚೂಪು, ಕೆಳಗ ಕೊಡದಂಗ ದುಂಡಗ. ನಾ ಕುಂತೀನಿ ಅದರ ಮ್ಯಾಲ, ನನಗ ಗೊತ್ತೈತಿ." ಅವಳು ಕುಳಿತಿರುವಷ್ಟು ಹೊತ್ತು ದೋಣಿ ಮುಳುಗಲಿಲ್ಲ. ಆಮೇಲೆ ಗಾಳಿ ತಿರುಗಿತು, ದೋಣಿ ಕಲ್ಲಿನ ಮೇಲೆ ಗಾಣದ ಹಾಗೆ ಒಂದು ಸುತ್ತು ಹೊರಳಿ, ಜಾರಿ, ಹೊಳೆಯ ಆಳಕ್ಕೆ ಹೋಯಿತು. ನಲವತ್ತೊಂದು ಜನರಲ್ಲಿ ಬದುಕಿದವರು ಹತ್ತೊಂಬತ್ತು. ಹುಸೇನಬಿ ಬದುಕಲಿಲ್ಲ.

ಇಷ್ಟನ್ನು ಗುರುಸಿದ್ಧವ್ವ ಹೇಳಿದಾಗ ಕೇಳಿದವರು ಏನು ಮಾಡಿದರು ಗೊತ್ತೇ? ಅದು ದೇವರ ಕಾಲಿನ ಹೆಬ್ಬೆರಳು ಎಂದರು. ನಗು ಕೇಳಿ ಸಿಟ್ಟಾಗಿ ಒದ್ದಿದ್ದಾನೆ ಎಂದರು. ಮಾರನೆಯ ದಿನ ಹರಿಗೋಲಿನಲ್ಲಿ ಹೋಗಿ ತೆಂಗಿನಕಾಯಿ ಒಡೆದು, ತಪ್ಪಾಯಿತು ಎಂದು ಕೈಮುಗಿದು, ಇಪ್ಪತ್ತು ಹುಟ್ಟಿನ ಮೌನವನ್ನು ನಲವತ್ತು ಮಾಡಿ ಬಂದರು. ಅಂದಿನಿಂದ ಆ ಜಾಗದಲ್ಲಿ ದೋಣಿಗಳು ಮೊದಲಿನ ಎರಡರಷ್ಟು ದೂರ ಕಣ್ಣು ಮುಚ್ಚಿಕೊಂಡು ಹೋಗುತ್ತಿವೆ. ನೀರು ತುಂಬಿದ ವರ್ಷಗಳಾದ್ದರಿಂದ ಏನೂ ಆಗಲಿಲ್ಲ. ಮೌನ ಫಲಿಸಿತು ಎಂದುಕೊಂಡೆವು. ನಾನೂ ಅಂದುಕೊಂಡೆ. ಹೇಳುವವಳಿಗೆ ಕಥೆ ಬಾಯಲ್ಲಿರುತ್ತದೆ, ತಲೆಗೆ ಏರುವುದು ಕೊನೆಗೆ.

ಕಥೆ ಮುಗಿಯಿತು. ಜೈತುನಬಿ ಸೂಜಿಯನ್ನು ಬಲೆಗೆ ಚುಚ್ಚಿಟ್ಟು ಸಂಗಯ್ಯನ ಕಡೆ ತಿರುಗಿದಳು.

"ಅಯ್ಯಾರ, ನಮ್ಮ ದೇವರನ್ನ ಕೆಳಗಿಂದ ಹ್ಯಾಂಗ ತಂದ್ರಂತ್ರಿ?"

"ಕಡವಿನ್ಯಾಗ ಕುಂತು ಅದನ್ನ ಮಾತಾಡಬಾರದು. ನೀರು ಕೇಳತೈತಿ."

"ನೀರು ಎಪ್ಪತ್ತು ಮೆಟ್ಟಲ ಕೆಳಗ ಹೋಗೇತ್ರಿ. ಅದಕ್ಕ ಕಿವಿ ಇದ್ರೂ ಇಲ್ಲೀತನಕ ಕೇಳಂಗಿಲ್ಲ. ಹೇಳ್ರಿ."

ಸಂಗಯ್ಯ ತಂಬಿಗೆ ಕೆಳಗಿಟ್ಟ. "ಪಲ್ಲಕ್ಕಿಯೊಳಗ ತಂದ್ರು. ಹದಿನಾಕು ಮಂದಿ ಹೊತ್ತಿದ್ರಂತ. ನಮ್ಮ ಮುತ್ತ್ಯಾನ ಮುತ್ತ್ಯಾ ಮುಂದ ಗಂಟಿ ಬಾರಿಸಿಕೋತ ಬಂದಿದ್ದನಂತ."

"ಮತ್ತ ಗುಡಿ?"

"ಹುಚ್ಚಿ, ಕಲ್ಲಿನ ಗುಡಿ ಯಾರರ ಹೊತಗೊಂಡು ಬರತಾರೇನು? ಅದು ಅಲ್ಲೇ..."

ಅಲ್ಲಿಗೆ ಅವನ ಮಾತು ನಿಂತಿತು. ಬಾಯಿ ತೆರೆದೇ ಇತ್ತು. ನಾವು ಹನ್ನೊಂದು ಜನ ಒಬ್ಬರ ಮುಖ ಒಬ್ಬರು ನೋಡಿದೆವು. ಮೇಲೆ ಚೂಪು, ಕೆಳಗೆ ಕೊಡದಂತೆ ದುಂಡಗೆ. ದಿನ್ನೆಯ ಮೇಲಿನ ನಮ್ಮ ಹೊಸ ಗುಡಿಯ ಕಳಸ ಅಲ್ಲಿಂದಲೇ ಕಾಣುತ್ತಿತ್ತು. ಎಲ್ಲರೂ ಒಮ್ಮೆ ತಲೆ ಎತ್ತಿ ಅದನ್ನು ನೋಡಿದೆವು, ಮತ್ತೆ ನೀರು ನೋಡಿದೆವು.

ಹಿರಿಯರೇ, ಇದು ಯಾರ ಮೋಸವೂ ಅಲ್ಲ. ಮೊದಲ ದಾರಿಗಿತ್ತಿಯರಿಗೆ ಗುಡಿ ಎಲ್ಲಿದೆ ಎಂದು ಗೊತ್ತಿತ್ತು. ಅದರ ನೆರಳಿನಲ್ಲಿ ಆಡಿ ಬೆಳೆದವರು ಅವರು. ಹೆಸರು ಹೇಳಲಿಲ್ಲ ಅಷ್ಟೇ, ಕಣ್ಣು ಬಿಟ್ಟುಕೊಂಡೇ ಸುಮ್ಮನೆ ಪಕ್ಕಕ್ಕೆ ತಿರುಗಿಸುತ್ತಿದ್ದಿರಬೇಕು. ಅವರ ಮೊಮ್ಮಕ್ಕಳಿಗೆ ಸುಮ್ಮನಿರುವುದು ಮಾತ್ರ ಉಳಿಯಿತು, ತಿರುಗಿಸುವುದು ಉಳಿಯಲಿಲ್ಲ. ಕುಂಬಾರ ಓಣಿಯ ಮಣ್ಣುಗೋಡೆ ಕರಗಿ ಇನ್ನೂರು ವರ್ಷವಾಗಿದೆ, ಅದನ್ನು ನಾವು ಇವತ್ತಿಗೂ ಹಾಡುತ್ತೇವೆ. ಕಲ್ಲಿನ ಗುಡಿ ಹಾಗೆಯೇ ನಿಂತಿದೆ, ಅದಕ್ಕೆ ತಲೆ ತಗ್ಗಿಸುತ್ತೇವೆ.

ಹೊತ್ತು ಇಳಿಯುತ್ತಿದೆ. ಉಳಿದವರು ಹರಿಗೋಲುಗಳನ್ನು ಕೆಳಗಿಳಿಸುತ್ತಿದ್ದಾರೆ. ನಡುಗಡ್ಡೆಯವರೆಗೆ ಹರಿಗೋಲು ಹೋಗಲಾರದು, ಒಂದೂವರೆ ದಿನದ ಹಾದಿ. ಮೌನದ ಜಾಗಕ್ಕೆ ಬೆಳಗಿನ ಜಾವ ಬಿಟ್ಟರೆ ಬಿಸಿಲೇರುವ ಮುಂಚೆ ಮುಟ್ಟಬಹುದು. ನೀಲಗಂಗಾ ಕೂಡ ಬಿಸಿಲು ಬಿದ್ದೊಡನೆ ಅಲ್ಲಿಂದ ಹೊರಡುತ್ತಾಳೆ. ನಾವು ಅವಳಿಗಿಂತ ಮೊದಲು ಮುಟ್ಟುತ್ತೇವೋ ಇಲ್ಲವೋ ಗೊತ್ತಿಲ್ಲ. ಮುಟ್ಟಿದರೂ ಅವಳಿಗೆ ಹೇಗೆ ಹೇಳುವುದು? ಅವಳು ತಲೆ ತಗ್ಗಿಸಿರುತ್ತಾಳೆ. ಕೂಗಿದರೆ ಕೇಳಿದರೂ ತಲೆ ಎತ್ತುವುದಿಲ್ಲ. ಮೌನದಲ್ಲಿ ಯಾರು ಕರೆದರೂ ಓಗೊಡಬೇಡ, ಕರೆಯುವವರು ಮನುಷ್ಯರಲ್ಲ, ಎಂದು ಅವಳಿಗೆ ಕಲಿಸಿದವಳು ನಾನೇ. ಐದು ವರ್ಷದ ಮಗುವನ್ನು ತೊಡೆಯ ಮೇಲೆ ಕೂರಿಸಿಕೊಂಡು ಕಲಿಸಿದ್ದೆ. ಬಾಯಿಪಾಠ ತಪ್ಪಿದ್ದಕ್ಕೆ ಒಮ್ಮೆ ಹೊಡೆದೂ ಇದ್ದೆ.

ಆದ್ದರಿಂದ ನನ್ನ ಬೇಡಿಕೆ ಬರೆದುಬಿಡುತ್ತೇನೆ. ನೀವು ಊರು ಬಿಡುವ ದಿನ, ದೇವರನ್ನು ಹೊತ್ತು ಎಲ್ಲೆ ದಾಟುವಾಗ, ಹಿಂತಿರುಗಿ ನೋಡಬಾರದು ಎಂದು ಯಾರಾದರೂ ಹೇಳುತ್ತಾರೆ. ನೋಡಿ. ಅಳು ಬರುತ್ತದೆ, ಬರಲಿ, ಅಳುತ್ತಲೇ ನೋಡಿ. ಏನು ಉಳಿಯಿತು ಎಂದು ನೋಡಿ. ಒಬ್ಬರು ಗುಡಿಯ ಮೇಲೆ ಹತ್ತಿ ಕಳಸದಿಂದ ಹಗ್ಗ ಇಳಿಬಿಟ್ಟು ಎಷ್ಟು ಮೊಳ ಎಂದು ಅಳೆಯಿರಿ. ಮಸೀದಿಯ ಮಿನಾರನ್ನೂ ಅಳೆಯಿರಿ, ಶಾಲೆಯ ಧ್ವಜದ ಕಂಬವನ್ನೂ. ಹೊಳೆಯಿಂದ ಎಷ್ಟು ಹೆಜ್ಜೆ, ಯಾವ ದಿಕ್ಕು, ಎಲ್ಲವನ್ನೂ ನಿಮ್ಮ ಹೆಣ್ಣುಮಕ್ಕಳಿಗೆ ಹಾಡಿನಲ್ಲಿ ಕಟ್ಟಿಕೊಡಿ. ಪವಿತ್ರವಾದದ್ದನ್ನು ಮೊದಲು ಹೇಳಿ. ಅದನ್ನೇ ನಾವು ಮುಚ್ಚಿಡುತ್ತೇವೆ, ಅದೇ ಕಲ್ಲಿನದಾಗಿರುತ್ತದೆ. ನಮ್ಮ ತೊರೆವಡಗಿಯದು ಇವತ್ತು ಗೊತ್ತಾಯಿತು. ಇನ್ನೂ ಆರು ಮೌನಗಳಿವೆ. ಆ ಆರರಡಿ ಏನು ನಿಂತಿದೆ ಎಂದು ಇಲ್ಲಿ ಬದುಕಿರುವ ಒಬ್ಬರಿಗೂ ಗೊತ್ತಿಲ್ಲ, ನೀರು ದಿನಕ್ಕೆ ನಾಲ್ಕು ಬೆರಳು ಇಳಿಯುತ್ತಿದೆ. ಹೇಗೆ ಉತ್ತರ ಕಳಿಸುತ್ತೀರೋ ತಿಳಿಯದು. ಕಲ್ಲಿನ ಮೇಲೆ ಕೆತ್ತಿ ಎತ್ತರದ ಗುಡ್ಡದಲ್ಲಿ ನಿಲ್ಲಿಸಿ, ಹುಡುಕುತ್ತೇವೆ. ನಿಮ್ಮ ಮನೆಗಳನ್ನು ಕಳೆದುಕೊಂಡದ್ದಕ್ಕೆ ನಿಮ್ಮ ಮೇಲೆ ನಮಗೆ ಮರುಕವಿದೆ, ಆ ನೀರಿನ ಮೇಲೆ ನಾವು ಹಾಡಿ ಕುಣಿದು ಬದುಕಿದ್ದಕ್ಕೆ ನಾಚಿಕೆಯೂ ಇದೆ. ಸುಖವಾಗಿರಿ ಎನ್ನಲು ಬಾಯಿ ಬರುವುದಿಲ್ಲ. ಎಚ್ಚರವಾಗಿರಿ.

ಬುರುಡೆಗೆ ಮೇಣ ಮುಚ್ಚುವ ಮುಂಚೆ ಇನ್ನಷ್ಟು ಸೇರಿಸುತ್ತಿದ್ದೇನೆ. ಕಥೆ ಕೇಳಿದವರು ಮರುದಿನ ಬೆಳಿಗ್ಗೆ ಮಾಡಿದ್ದು ಇದು.

ಹನ್ನೊಂದು ಜನ ನಾಲ್ಕು ಹರಿಗೋಲುಗಳಲ್ಲಿ ಹೋದೆವು. ಮರಳುವ ದೋಣಿಗೆ ಮೌನ ಶುರುವಾಗುವ ಆಚೆ ತುದಿಯಿಂದ ಉದ್ದನೆಯ ಗಳುಗಳನ್ನು ನೀರಿಗೆ ಚುಚ್ಚುತ್ತಾ, ಜೋರಾಗಿ ಎಣಿಸುತ್ತಾ ಸಾಗಿದೆವು. ಹಸಿರು ನೀರು, ಒಂದು ಗೇಣು ಕೆಳಗೆ ಏನೂ ಕಾಣದು. ಒಂಬತ್ತನೆಯ ಹುಟ್ಟಿಗೆ ಸಂಗಯ್ಯನ ಗಳು ಕಲ್ಲಿಗೆ ಬಡಿಯಿತು. ಕಳಸ, ನೀರಿನಿಂದ ಒಂದೇ ಮೊಳ ಕೆಳಗೆ. ನಿನ್ನೆ ಬರಿದೋಣಿ ಅದರ ಮೇಲೆಯೇ ಒಂದು ಅಂಗೈ ಅಂತರದಲ್ಲಿ ದಾಟಿ ಹೋಗಿರಬೇಕು. ತುಂಬಿದ ದೋಣಿ ಎರಡು ಮೊಳ ನೀರು ಬೇಡುತ್ತದೆ.

ಅಷ್ಟರಲ್ಲಿ ದೋಣಿ ಕಂಡಿತು. ನೆಟ್ಟಗೆ ನಮ್ಮ ಕಡೆಗೇ ಬರುತ್ತಿತ್ತು. ಹಾಡು ಕೇಳುತ್ತಿತ್ತು, ಆಮೇಲೆ ನಿಂತಿತು. ಎಲ್ಲರ ತಲೆ ತಗ್ಗಿತು. ನಾನು ಕೂಗಿದೆ, ಜೈತುನಬಿ ಕೂಗಿದಳು. ಒಂದು ತಲೆಯೂ ಏಳಲಿಲ್ಲ. ಆಗ ಸಂಗಯ್ಯ ಧೋತರ ಎತ್ತಿ ಕಟ್ಟಿ ಹರಿಗೋಲಿನಿಂದ ಇಳಿದ. ಇಳಿದು ಗುಡಿಯ ಭುಜದ ಮೇಲೆ ಎದೆಮಟ್ಟ ನೀರಿನಲ್ಲಿ ನಿಂತ. ಎರಡೂ ಕೈಯಲ್ಲಿ ಕಳಸ ಹಿಡಿದುಕೊಂಡ. ಜನ್ಮವಿಡೀ ದಡದಲ್ಲೂ ಪಿಸುಮಾತಿನಲ್ಲೇ ಹೇಳುತ್ತಿದ್ದ ಹೆಸರನ್ನು ಹೆನ್ನೀರಿನ ನಡುವೆ ನಿಂತು ಕಿರುಚಿದ.

"ತೊರೆವಡಗಿ! ಇದು ತೊರೆವಡಗಿ! ಗುಡಿ ಇಲ್ಲೈತಿ!"

ನಮ್ಮಲ್ಲಿ ಆರು ಜನ ಇಳಿದೆವು. ಆ ಶಿಖರದ ಸುತ್ತ ಕಲ್ಲಿಗೆ ಕಾಲು ಕೊಟ್ಟು, ಕೈ ಕೈ ಹಿಡಿದು, ಅದೇ ಹೆಸರನ್ನು ಕೂಗಿದೆವು. ಮನುಷ್ಯರಲ್ಲದವರು ಆ ಹೆಸರು ಕರೆಯುವುದಿಲ್ಲ ಎಂದು ಅವಳಿಗೆ ಹೊಳೆಯಿಸಿದ್ದು ಯಾರೋ ತಿಳಿಯದು. ನೀಲಗಂಗಾ ತಲೆ ಎತ್ತಿದಳು. ಹೆನ್ನೀರಿನ ನಡುವೆ ಎದೆಮಟ್ಟ ನೀರಿನಲ್ಲಿ ಅವ್ವ ನಿಂತಿರುವುದನ್ನು ನೋಡಿದಳು. ದೋಣಿ ಎಡಕ್ಕೆ ಹೊರಳಿತು. ನಮ್ಮಿಂದ ಮೂರು ಮಾರು ದೂರದಲ್ಲಿ ನಲವತ್ತಾರು ಜನ ದಾಟಿಹೋದರು. ಯಾರೂ ಮಾತಾಡಲಿಲ್ಲ, ಆದರೆ ಎಲ್ಲರ ಕಣ್ಣುಗಳೂ ತೆರೆದಿದ್ದವು.

ಸಂಗಯ್ಯನನ್ನು ಹರಿಗೋಲಿಗೆ ಹತ್ತಿಸಲು ಹೋದರೆ ಹತ್ತಲಿಲ್ಲ. "ದೇವರು ನನ್ನ ಕೂಗು ಕೇಳಿ ಕೆಳಗ ಬಂದ್ರ ಯಾರರ ಇರಬೇಕಲ್ಲ," ಎಂದ. ಕಳಸದ ಮೇಲಿನ ಹಿಡಿತ ಬಿಗಿಮಾಡಿ, "ಮತ್ತ ಸಂಜೀಕ ಮೇಲ್ದಂಡಿಯಿಂದ ಇನ್ನೊಂದು ದೋಣಿ ಐತಿ," ಎಂದ. ಗುಡಿಯ ಗುರುತಿಗೆ ಅಲ್ಲೊಂದು ಕಂಬ ನೆಡುವವರೆಗೆ ಸರದಿಯಲ್ಲಿ ನಿಲ್ಲುವುದು ಎಂದು ಅಲ್ಲೇ, ನೀರಿನಲ್ಲೇ, ಮಾತಾಯಿತು. ಈಗ ಅಲ್ಲಿ ನಿಂತಿರುವವಳು ಜೈತುನಬಿ. ನನ್ನ ಸರದಿ ಮಧ್ಯಾಹ್ನಕ್ಕೆ.